ಅಕ್ಕ ಮೂರು ವರ್ಷ ಸಾಕಿದ ಗಿಡ

ಅಕ್ಕನನ್ನು ನೋಡಲು ಮೈಸೂರಿನಿಂದ ಬಂದ ನನಗೆ ಜಪಾನಿನ ಫುನಾಬೊರಿಯಲ್ಲಿ ಸಿಕ್ಕ ಮೊದಲ ಕೆಲಸ, ಬಾಲ್ಕನಿಯ ಕುಂಡವನ್ನು ಸಸಿ ಅಂಗಡಿಗೆ ಹೊರುವುದು. ಹೃದಯದಾಕಾರದ ಎಲೆ ನೋಡಿ ಮೊಬೈಲ್ ಆ್ಯಪ್ ಇದನ್ನು ಹನಾಜುವೋ ಎಂದಿತ್ತಂತೆ. ವಸಂತದಲ್ಲಿ ಎಲೆಗಿಂತ ಮೊದಲೇ ಗುಲಾಬಿ ಬಣ್ಣದ ಹೂ ಬಿಡುವ ಮರ ಅದು. ಮೂರು ವಸಂತ ಕಳೆದರೂ ಒಂದು ಮೊಗ್ಗಿಲ್ಲ.

"ಗೊಬ್ಬರ ಹಾಕ್ದೆ, ಚಳೀಲಿ ಬಟ್ಟೆ ಸುತ್ತಿದೆ. ಇನ್ನೇನ್ ಬೇಕಂತೆ ಇದಕ್ಕೆ?" ಅಕ್ಕ ನನ್ನ ಮೇಲೆ ರೇಗಿದಳು.

ಅಂಗಡಿಯ ಹಿರಿಯ ಓನೋ-ಸಾನ್ ಎಲೆ ಮುಟ್ಟಿ ನೋಡಿ, "ಸುಮಿಮಾಸೆನ್" ಎಂದು ಕ್ಷಮೆ ಕೇಳುತ್ತ ತಲೆ ಬಾಗಿದರು. ಇದು ಕತ್ಸುರಾ ಎಂಬ ಬೇರೆಯೇ ಮರ. ಇದರ ಎಲೆಗಳು ಎದುರುಬದುರಾಗಿ ಜೋಡಿಯಲ್ಲಿ ಬರುತ್ತವೆ, ಅಂಚಿನಲ್ಲಿ ಸಣ್ಣ ಹಲ್ಲುಗಳಿವೆ. ಹನಾಜುವೋ ಎಲೆಯ ಅಂಚು ನುಣುಪು. ಅವರು ಹಿತ್ತಲಲ್ಲಿದ್ದ ನಿಜವಾದ ಹನಾಜುವೋ ತೋರಿಸಿದರು. ಒಂದೆಲೆಯೂ ಇಲ್ಲದ ಬೋಳು ಕಾಂಡದ ತೊಗಟೆಯಿಂದಲೇ ಹೂ ಉಕ್ಕಿತ್ತು. ನನಗೆ ಅಚ್ಚರಿ, ಅಕ್ಕನಿಗೆ ಮೈಯೆಲ್ಲ ಉರಿ.

ಅದನ್ನೇ ಕಿತ್ತುಕೊಡಿ ಎಂದು ಅಕ್ಕ ಕೇಳಿದರೆ, ಬೆಳೆದ ಗಿಡದ ಬೇರು ಅಲುಗಿದರೆ ಬದುಕದು ಎಂದರು. ಬದಲಿಗೆ ಒಣ ಕಾಯಿಗಳನ್ನು ಕೊಟ್ಟರು. ಬೀಜ ಬಿಸಿನೀರಲ್ಲಿ ನೆನೆಸಿ, ಎರಡು ತಿಂಗಳು ಫ್ರಿಜ್ಜಿನಲ್ಲಿಟ್ಟು ಬಿತ್ತಬೇಕಂತೆ. ಹೂವಿಗೆ ಐದು ವರ್ಷ.

"ನಮ್ ವೀಸಾ ಇನ್ನಿರೋದೇ ಒಂದ್ ವರ್ಷ ಕಣೇ!" ಅಕ್ಕ ಕಾಯಿಗಳನ್ನು ನನ್ನ ಕೈಗೆ ತುರುಕಿದಳು.

ಓನೋ-ಸಾನ್ ಮೆಲ್ಲಗೆ, ಬೇಡವಾದರೆ ಕತ್ಸುರಾವನ್ನು ಇಲ್ಲೇ ಬಿಟ್ಟುಹೋಗಿ ಎಂದರು. ಅಕ್ಕ ಕುಂಡವನ್ನು ಎದೆಗವಚಿಕೊಂಡಳು. ಜಪಾನೀಸ್ ಮರೆತೇ ಹೋದವಳಂತೆ ಅವರಿಗೆ ಕನ್ನಡದಲ್ಲೇ ಹೇಳಿದಳು: "ಯಾಕ್ರೀ ಬಿಡ್ಲಿ? ಹೂ ಬಿಡ್ದಿದ್ರೇನು, ಸಾಕಿದೀನಲ್ವಾ!"