ತಣ್ಣಗಾದ ಚೀಲದಲ್ಲಿ ಸಿಡಿದ ಕಾಳು

ಗೆಳೆಯರೇ, ಇವತ್ತು ನಾಗರ ಪಂಚಮಿ. ನನ್ನ ಗಂಡ ತೀರಿಕೊಂಡು ವರ್ಷ ತುಂಬಿಲ್ಲ. ಹಾಗಾಗಿ ನಮ್ಮ ಶಹಾಪುರದ ಮನೆಯಲ್ಲಿ ಒಲೆಯ ಮೇಲೆ ಅರಳು ಹುರಿಯುವಂತಿಲ್ಲ; ಸಿಡಿಯುವ ಸಪ್ಪಳಕ್ಕೆ ಸತ್ತವರು ಮನೆಗೆ ಬರುತ್ತಾರೆ ಎನ್ನುವುದು ಅತ್ತೆಯ ನಂಬಿಕೆ. ಮಗಳು ಅರಳು ಬೇಕೆಂದು ಹಟ ಹಿಡಿದಳು. ಪಾಪ್‌ಕಾರ್ನ್ ಕಾಳನ್ನು ಕಾಗದದ ಚೀಲಕ್ಕೆ ಹಾಕಿ ಮೈಕ್ರೋವೇವ್‌ನಲ್ಲಿಟ್ಟೆ.

"ಏನ್ ಇಟ್ಟೀ ಒಳಗ?" ಎಂದರು ಅತ್ತೆ.

"ಅರಳ್ರಿ. ಇದು ಒಲಿ ಅಲ್ಲಲ್ರಿ ಅತ್ತಿ, ಬೆಂಕಿನೇ ಇಲ್ಲ."

"ಅದು ನನ್ನ ಮಗಗ ಹೆಂಗ ಗೊತ್ತಾಗಬೇಕು?"

ಸಿಡಿಯುವ ಸಪ್ಪಳ ನಿಂತ ಮೇಲೆ ಚೀಲವನ್ನು ಕಟ್ಟೆಯ ಮೇಲಿಟ್ಟೆ. ನಮ್ಮ ಊಟ ಮುಗಿಯುವಷ್ಟರಲ್ಲಿ ಅದು ಪೂರ್ತಿ ತಣ್ಣಗಾಗಿತ್ತು. ಆಗ ಒಳಗೆ ಒಂದು ಕಾಳು ಸಿಡಿಯಿತು. ಸ್ವಲ್ಪ ತಡೆದು ಇನ್ನೊಂದು.

ಅತ್ತೆ ಬೈಯಲಿಲ್ಲ. ಖಾಲಿ ಬಾಗಿಲ ಕಡೆ ನೋಡುತ್ತ, "ಬಂದಾನ. ಮೊದಲ ಅವಂಗ ಹಾಕು," ಎಂದರು.

ಅವರ ಬಟ್ಟಲಿಗೆ ಹಾಕಿಟ್ಟೆ. ಅದನ್ನು ಎತ್ತುವ ಧೈರ್ಯ ನಮ್ಮಿಬ್ಬರಿಗೂ ಇಲ್ಲ. ಮಗಳು ಮಾತ್ರ ಅಪ್ಪನ ಬಟ್ಟಲಿನಿಂದಲೇ ತಿನ್ನುತ್ತ, ಉಪ್ಪು ಕಡಿಮೆ ಎನ್ನುತ್ತಿದ್ದಾಳೆ.