ಡೊಂಕು ಕೋಲಿನ ಗೆಂಗ್ ಬೋಲಿನ್

ಬೆಳಗಿನ ಐದೂಕಾಲು. ಹೊರಗೆ ಸೊನ್ನೆಗಿಂತ ಇಪ್ಪತ್ನಾಲ್ಕು ಡಿಗ್ರಿ ಕೆಳಗೆ. ಮೂಗು ಇದೆಯೋ ಉದುರಿತೋ ಎಂದು ಮುಟ್ಟಿ ನೋಡಿಕೊಳ್ಳುವಂಥ ಚಳಿ. ಮುಚ್ಚಿಹೋದ ಯಂತ್ರ ಕಾರ್ಖಾನೆಯ ಹಳೇ ಕ್ಯಾಂಟೀನಿನ ಕಬ್ಬಿಣದ ಬಾಗಿಲನ್ನು ಭುಜದಿಂದ ತಳ್ಳಿಕೊಂಡು ಗೆಂಗ್ ಬೋಲಿನ್ ಒಳಗೆ ಬರುತ್ತಾರೆ. ಹತ್ತಿ ತುಂಬಿದ ದಪ್ಪ ಕೋಟಿನೊಳಗೆ ಎದೆಗವುಚಿಕೊಂಡ ಒಂದು ಉದ್ದನೆ ಪೆಟ್ಟಿಗೆ. ಬಾಣಂತಿ ಕೂಸನ್ನು ಸುತ್ತಿಕೊಂಡು ತರುವ ಹಾಗೆ ತರುತ್ತಾರೆ. ಪೆಟ್ಟಿಗೆಯಲ್ಲಿರುವುದು ಅವರ ಕ್ಯೂ, ಅಂದರೆ ಸ್ನೂಕರ್ ಆಡುವ ಕೋಲು.

ಬಂದ ಕೂಡಲೇ ಅದನ್ನು ತೆರೆಯುವುದಿಲ್ಲ. ಗೋಡೆಗುಂಟ ಬಿಸಿನೀರು ಹರಿಯುವ ಕಾವಿನ ಕೊಳವೆಗಳಿಂದ ದೂರ, ಕೋಣೆಯ ನಟ್ಟನಡುವೆ ಎರಡು ಕುರ್ಚಿ ಜೋಡಿಸಿ ಪೆಟ್ಟಿಗೆಯನ್ನು ಮಲಗಿಸುತ್ತಾರೆ. ಹೊರಗಿನ ಚಳಿಯಿಂದ ಒಳಗಿನ ಬಿಸಿಗೆ ಮರ ನಿಧಾನವಾಗಿ ಒಗ್ಗಬೇಕು. ಅದಕ್ಕೆ ಅರ್ಧ ಗಂಟೆ. ಅಷ್ಟರಲ್ಲಿ ಮೇಜಿನ ಹಸಿರು ಬಟ್ಟೆಯನ್ನು ಬ್ರಷ್ಷಿನಿಂದ ಗುಡಿಸುತ್ತಾರೆ, ಆಮೇಲೆ ಇಸ್ತ್ರಿ ಹಾಕುತ್ತಾರೆ. ಯಾವಾಗಲೂ ಒಂದೇ ದಿಕ್ಕಿಗೆ, ಆಟ ಶುರುವಾಗುವ ತುದಿಯಿಂದ ಕಪ್ಪು ಚೆಂಡಿನ ತುದಿಗೆ. ಎಮ್ಮೆಯ ಮೈ ತಿಕ್ಕಿದಂತೆ ಹಿಂದಕ್ಕೂ ಮುಂದಕ್ಕೂ ತಿಕ್ಕಿದರೆ ಉಣ್ಣೆಯ ಎಳೆ ಎದ್ದು ಚೆಂಡು ದಾರಿ ತಪ್ಪುತ್ತದೆ. ಹನ್ನೆರಡು ಅಡಿ ಉದ್ದದ ಬಟ್ಟೆಯ ಮೇಲೆ ಅವರು ಬಗ್ಗಿ ನಡೆಯುವುದನ್ನು ನೋಡಿದರೆ ಮದುವೆಗೆ ಪಂಚೆ ಸಿದ್ಧಮಾಡುವವರ ಶ್ರದ್ಧೆ ನೆನಪಾಗುತ್ತದೆ.

ಕ್ಯಾಂಟೀನು ಈಗ ಬಾಡಿಗೆಗೆ ಮೇಜು ಕೊಡುವ ಆಟದ ಹಾಲ್; ಅದರ ಯಜಮಾನಿ ಮೆಂಗ್ ಯೂಚಿನ್. ಅರವತ್ತು ದಾಟಿದ ಹೆಂಗಸು, ಬಾಯಿ ತುಂಬ ಸೂರ್ಯಕಾಂತಿ ಬೀಜ, ಅದರ ನಡುವೆಯೇ ಮಾತು. ಇಲ್ಲಿರುವ ಇಪ್ಪತ್ಮೂರು ಮೇಜುಗಳಲ್ಲಿ ಇಪ್ಪತ್ತೆರಡು ಈ ದೇಶಕ್ಕೆಲ್ಲ ಹುಚ್ಚು ಹಿಡಿಸಿರುವ ಎಂಟು ಚೆಂಡಿನ ಪೂಲ್ ಆಟದವು. ಮೂಲೆಯಲ್ಲಿರುವ ಒಂದೇ ಒಂದು ಸ್ನೂಕರ್ ಮೇಜು.

“ಅದನ್ನ ತೆಗೆದ್ರೆ ಆ ಜಾಗದಲ್ಲಿ ಇನ್ನೆರಡು ಎಂಟರ ಮೇಜು ಹಿಡೀತಾವೆ. ತೆಗೀತೀನಿ, ತೆಗೀತೀನಿ ಅಂತ ಹತ್ತು ವರ್ಷದಿಂದ ಹೇಳ್ತಾನೇ ಇದೀನಿ,” ಎನ್ನುತ್ತಾರೆ ಮೆಂಗ್. “ಬೆಳಗ್ಗೆ ಬಂದು ನೋಡಿದ್ರೆ ಇವನು ಇಸ್ತ್ರಿ ಹಾಕ್ತಾ ನಿಂತಿರ್ತಾನೆ. ಇಸ್ತ್ರಿ ಹಾಕೋ ಗಂಡಸನ್ನ ನನ್ನ ಮನೇಲಂತೂ ಕಾಣ್ಲಿಲ್ಲ, ಇಲ್ಲಾದ್ರೂ ಕಾಣೋಣ ಅಂತ ಸುಮ್ಮನಾಗ್ತೀನಿ.”

“ನಿಮ್ಮ ಯಜಮಾನ್ರನ್ನೂ ಕಳ್ಸಿ ಅಕ್ಕ, ಕಲಿಸ್ತೀನಿ,” ಎಂದು ಬಗ್ಗಿದಲ್ಲಿಂದಲೇ ಗೆಂಗ್.

“ಅವನು ಬಟ್ಟೆ ಸುಡ್ತಾನೆ ಕಣೋ. ನಾಲಿಗೇಲೇ ಸುಡ್ತಾನೆ.”

ಅರ್ಧ ಗಂಟೆ ಆಯಿತು. ಗೆಂಗ್ ಪೆಟ್ಟಿಗೆ ತೆರೆದು ಎರಡು ತುಂಡುಗಳನ್ನು ತಿರುಗಿಸಿ ಕೂಡಿಸುತ್ತಾರೆ. ಕೂಡುವ ಜಾಗದ ಹಿತ್ತಾಳೆಯ ಬಳೆಯನ್ನು ಅವರ ಅಪ್ಪ ಇದೇ ಕಾರ್ಖಾನೆಯ ಲೇತಿನ ಮೇಲೆ ಕಡೆದುಕೊಟ್ಟಿದ್ದು. ಕಾರ್ಖಾನೆಗೆ ಬೀಗ ಬೀಳುವ ಹಿಂದಿನ ವಾರ ಆ ಲೇತಿನಲ್ಲಿ ಆದ ಕೊನೆಯ ಕೆಲಸ ಅದು. ಗೆಂಗ್ ಕೋಲನ್ನು ಮೇಜಿನ ಮೇಲಿಟ್ಟು ಅಂಗೈಯಿಂದ ಉರುಳಿಸುತ್ತಾರೆ. ನೆಟ್ಟಗಿನ ಕೋಲಾದರೆ ಸದ್ದಿಲ್ಲದೆ ಉರುಳಬೇಕು. ಇದು ಸುತ್ತಿಗೊಮ್ಮೆ ಟಕ್ ಎನ್ನುತ್ತದೆ. ಮುಂದಿನ ತುಂಡು ಡೊಂಕಾಗಿದೆ. ಎರಡೇ ಎರಡು ಮಿಲಿಮೀಟರ್.

ಆ ಎರಡು ಮಿಲಿಮೀಟರಿನ ಕತೆ ಕೇಳಿದರೆ ಯಾರಿಗಾದರೂ ಮೈ ಉರಿಯಬೇಕು. ಇದೇ ಊರಲ್ಲಿ ಹುಟ್ಟಿ ಇವರ ಬಗ್ಗೆ ಬರೆಯಲು ಕೂತ ನನಗಂತೂ ಕಳೆದ ಚಳಿಗಾಲದಿಂದ ಉರಿಯುತ್ತಲೇ ಇದೆ.

ಗೆಂಗ್‌ಗೆ ಈಗ ಮೂವತ್ತಾರು. ಒಂಬತ್ತನೇ ವಯಸ್ಸಿಗೆ ಈ ಕ್ಯಾಂಟೀನಿನಲ್ಲೇ, ಕಾಲಡಿಗೆ ಬಿಯರ್ ಪೆಟ್ಟಿಗೆ ಇಟ್ಟುಕೊಂಡು ಮೇಜು ಮುಟ್ಟಿದವರು. ಹದಿನಾಲ್ಕಕ್ಕೆ ಮೂರು ದಿನ ರೈಲಿನಲ್ಲಿ ಕೂತು ದಕ್ಷಿಣದ ತರಬೇತಿ ಶಾಲೆಗೆ ಹೋದರು. ಇಪ್ಪತ್ತೊಂದಕ್ಕೆ ವೃತ್ತಿಪರ ಆಟಗಾರ. ಲಿಯಾವೋನಿಂಗ್ ಪ್ರಾಂತ್ಯದ ನಮ್ಮ ಈ ಮಸಿ ಬಳಿದ ಊರಿನಿಂದ ಆ ಮಟ್ಟಕ್ಕೆ ಹೋದವರು ಅವರೊಬ್ಬರೇ. ವರ್ಷದಲ್ಲಿ ಏಳು ತಿಂಗಳು ಇಂಗ್ಲೆಂಡಿನ ಶೆಫೀಲ್ಡಿನಲ್ಲಿ, ಒಂದು ಕೋಣೆಯಲ್ಲಿ ನಾಲ್ವರು ಆಟಗಾರರು, ಒಂದು ಅನ್ನದ ಕುಕ್ಕರ್. ಜಗತ್ತಿನ ಪಟ್ಟಿಯಲ್ಲಿ ಅವರು ಏರಿದ ಅತಿ ಎತ್ತರದ ಜಾಗ ಎಪ್ಪತ್ತೊಂದು.

ಎಪ್ಪತ್ತೊಂದು ಅಂದರೆ ಏನು ಎಂದು ಟಿವಿಯಲ್ಲಿ ಆಟ ನೋಡುವವರಿಗೆ ಗೊತ್ತಿರುವುದಿಲ್ಲ. ಅವರು ನೋಡುವುದು ದೀಪ, ಬೋ ಟೈ, ಚಪ್ಪಾಳೆ.

“ನಮ್ಮ ಪಂದ್ಯ ಬೆಳಗ್ಗೆ ಹತ್ತಕ್ಕೆ, ಪರದೆ ಕಟ್ಟಿದ ಗೂಡಲ್ಲಿ,” ಎನ್ನುತ್ತಾರೆ ಗೆಂಗ್. “ನಾನು, ಎದುರಾಳಿ, ರೆಫರಿ. ಪಕ್ಕದ ಗೂಡಲ್ಲಿ ಯಾರಾದ್ರೂ ಕೆಮ್ಮಿದ್ರೆ ಪ್ರೇಕ್ಷಕರು ಬಂದ್ರು ಅಂತ ಖುಷಿ ಆಗೋದು. ನೂರು ಪಾಯಿಂಟು ಹೊಡೆದ್ರೂ ರೆಫರಿ ಒಬ್ಬನೇ ಸಾಕ್ಷಿ. ಅವನಿಗೂ ಊಟದ ಹೊತ್ತು.”

ಈ ವೃತ್ತಿಗೆ ಕಾಯಂ ಕುರ್ಚಿ ಇಲ್ಲ. ಎರಡು ವರ್ಷದಲ್ಲಿ ಸಾಕಷ್ಟು ಗೆಲ್ಲದಿದ್ದರೆ ಪಟ್ಟಿಯಿಂದ ಹೊರಗೆ; ಮತ್ತೆ ಏಪ್ರಿಲ್‌ನ ಅರ್ಹತಾ ಸುತ್ತಿನಲ್ಲಿ ಹೊಸಬರ ಜೊತೆ ಗುದ್ದಾಡಿ ಒಳಗೆ ಬರಬೇಕು. ಗೆಂಗ್ ಹಾಗೆ ಎರಡು ಸಲ ಹೊರಗೆ ಬಿದ್ದು ಎರಡು ಸಲವೂ ಒಳಗೆ ಹೋಗಿದ್ದಾರೆ. ಮೂರನೇ ಸಲ, ಕಳೆದ ವರ್ಷ, ಆಗಲಿಲ್ಲ. ಏಕೆ ಆಗಲಿಲ್ಲ ಎಂಬುದೇ ಕತೆ.

ಕಳೆದ ವರ್ಷದ ಫೆಬ್ರವರಿ, ನಮ್ಮ ಚಾಂದ್ರಮಾನ ಹೊಸ ವರ್ಷದ ಹಬ್ಬ ಮುಗಿದ ಮರುವಾರ. ಊರಿನ ಹೊಸ ಕ್ರೀಡಾಂಗಣ ತೆರೆಯಿತು. ಕ್ರೀಡಾ ಕಚೇರಿಯ ನಿರ್ದೇಶಕ ಲುವಾನ್ ಸಾಹೇಬರಿಗೆ ಫೋಟೋದಲ್ಲಿ ನಿಲ್ಲಿಸಲು ಒಬ್ಬ ಆಟಗಾರ ಬೇಕಾಯಿತು. ಹದಿನೈದು ವರ್ಷ ಗೆಂಗ್ ಬದುಕಿದ್ದಾನೋ ಸತ್ತನೋ ಎಂದು ಕೇಳದವರು ಅಂದು ಬೆಳಗ್ಗೆ ಕಾರು ಕಳಿಸಿದರು. ಕೋಲನ್ನೂ ತರಬೇಕೆಂದು ಹುಕುಂ. ಕ್ರೀಡಾಂಗಣದ ಬಾಗಿಲ ಮುಂದೆ, ಮಂಜಿನಲ್ಲಿ, ಕೋಲು ಹಿಡಿದುಕೊಂಡು ಐವತ್ತು ನಿಮಿಷ ನಿಲ್ಲಿಸಿದರು. ದೊಡ್ಡವರ ಕಾರು ಬರುವುದು ತಡವಾಗಿತ್ತು. ಆಮೇಲೆ ಔತಣದ ಹಾಲಿಗೆ ಕರೆದುಕೊಂಡು ಹೋದರು. ಅಲ್ಲಿ ಲುವಾನ್ ಸಾಹೇಬರು ಕೋಲನ್ನು ತಾವೇ ಇಸಿದುಕೊಂಡು, ಬಂದವರೆಲ್ಲ ನೋಡಲಿ ಎಂದು ಗೋಡೆಗೆ ಒರಗಿಸಿದರು. ಗೋಡೆಗಲ್ಲ, ಕೊತಕೊತ ಕುದಿಯುವ ಕಾವಿನ ಕೊಳವೆಗೆ. ಎರಡು ಗಂಟೆ ಅಲ್ಲೇ ಇತ್ತು.

“ನೀವು ಹೇಳ್ಬಾರ್ದಾಗಿತ್ತಾ?” ಎಂದು ಕೇಳಿದರೆ ಗೆಂಗ್ ಕೋಲಿನ ತುದಿಗೆ ಚಾಕ್ ಹಚ್ಚುತ್ತಾರೆ.

“ಹೇಳಿದೆ. ‘ಸಾಹೇಬ್ರೇ, ಬಿಸಿ ತಾಗಿದ್ರೆ ಮರ ಬಾಗುತ್ತೆ’ ಅಂದೆ. ‘ಕೂತ್ಕೊಳ್ಳಯ್ಯಾ, ನಿನ್ನ ಕೋಲು ಎಲ್ಲೂ ಓಡಿಹೋಗಲ್ಲ’ ಅಂದ್ರು. ಎಲ್ರೂ ನಕ್ಕರು. ಎದ್ದು ಹೋಗಿ ತಗೊಂಡು ಬರ್ಬೇಕಿತ್ತು. ಅವರ ಮುದ್ರೆ ಇಲ್ದೆ ಅರ್ಹತಾ ಸುತ್ತಿನ ಅರ್ಜಿ ಹೋಗಲ್ಲ. ಕೂತ್ಕೊಂಡೆ. ತಪ್ಪು ನಂದು.”

ತಪ್ಪು ಅವರದಂತೆ! ಕೇಳಿ ಸುಮ್ಮನಿರಲು ಕಲ್ಲಾಗಬೇಕು. ಬಡಗಿಯ ಉಳಿಯನ್ನು ಕಸಿದುಕೊಂಡು ಕಲ್ಲು ಕುಟ್ಟಿ, ಮೊಂಡಾದ ಮೇಲೆ ‘ನಿನ್ನ ಉಳಿ ಸರಿಯಿಲ್ಲ’ ಎನ್ನುವ ಜಾತಿ ಇವರದು. ಗೆದ್ದೆತ್ತಿನ ಬಾಲ ಹಿಡಿಯುವವರನ್ನು ಎಲ್ಲಾ ಊರಲ್ಲೂ ಕಾಣಬಹುದು. ಇವರು ಬಾಲ ಹಿಡಿದದ್ದಲ್ಲದೆ ಎತ್ತಿನ ಕಾಲನ್ನೂ ಮುರಿದರು. ಆ ಫೋಟೋ ಬಂತು. ಊರಿನ ಪತ್ರಿಕೆಯ ಮೊದಲ ಪುಟದಲ್ಲೇ ಬಂತು. ಅದರಲ್ಲಿ ಲುವಾನ್ ಸಾಹೇಬರಿದ್ದಾರೆ, ಕತ್ತರಿಯಿದೆ, ಕೆಂಪು ರಿಬ್ಬನ್ನಿದೆ. ಗೆಂಗ್‌ರದು ಎಡಗೈ ಮಾತ್ರ. ಮಿಕ್ಕಿದ್ದನ್ನು ಕತ್ತರಿಸಿದ್ದಾರೆ. ಕೆಳಗೆ ಬರೆದ ಹೆಸರೂ ಬೇರೆ ಯಾರದೋ.

ಎರಡು ತಿಂಗಳ ನಂತರ ಅರ್ಹತಾ ಸುತ್ತು. ಏಳು ಆಟಗಳ ಪಂದ್ಯ, ಮೂರು–ಮೂರು ಸಮ. ಕೊನೆಯ ಆಟದಲ್ಲಿ ಗೆಂಗ್‌ಗೆ ಬೇಕಾಗಿದ್ದದ್ದು ಒಂದು ನೀಲಿ ಚೆಂಡು, ನೆಟ್ಟಗಿನ ಹೊಡೆತ. ಊರಲ್ಲಿ ಕಣ್ಣು ಮುಚ್ಚಿ ಹೊಡೆಯುವಂಥದ್ದು.

“ಕೋಲು ಎಡಕ್ಕೆ ಎಳೆಯಿತು. ಚೆಂಡು ಪಾಕೆಟ್ಟಿನ ಬಾಯಲ್ಲಿ ನಿಂತ್ಕೊಂಡು ನನ್ನೇ ನೋಡ್ತಿತ್ತು,” ಎನ್ನುತ್ತಾರೆ. ಪಂದ್ಯ ಹೋಯಿತು.

ಬೇರೆ ಕೋಲು ಕೊಳ್ಳಬಾರದೇ ಎಂದು ಕೇಳುವವರು ಬಹಳ. ಹೊಸ ಕೋಲು ಎರಡು ತಂದರು, ಎರಡನ್ನೂ ಬಿಟ್ಟರು. ಹದಿನೇಳು ವರ್ಷ ಒಂದೇ ಮರವನ್ನು ಹಿಡಿದ ಕೈಗೆ ಬೇರೆಯದು ಪರರ ಮನೆಯ ಚಪ್ಪಲಿ. ಕೊನೆಗೆ ಡೊಂಕಿನ ಜೊತೆಗೇ ಬದುಕಲು ಕೂತರು. ಬುಡದಲ್ಲಿ ಉಗುರಿನಿಂದ ಒಂದು ಗೀರು ಎಳೆದುಕೊಂಡಿದ್ದಾರೆ. ಪ್ರತಿ ಹೊಡೆತಕ್ಕೂ ಗೀರು ಮೇಲೆ ಬರುವಂತೆ ಹಿಡಿಯುತ್ತಾರೆ. ಆಗ ಡೊಂಕು ಪಕ್ಕಕ್ಕೆ ಎಳೆಯದೆ ಮೇಲಕ್ಕಷ್ಟೇ ಇರುತ್ತದೆ. ಆಟ ಎಂದರೆ ಬರೀ ಕಣ್ಣು, ಕೈ. ಇವರಿಗೆ ಮೂರನೆಯದೊಂದು ಸೇರಿತು: ಗೀರು ಹುಡುಕುವ ಹೆಬ್ಬೆರಳು.

ಹೀಗೆ ದಿನಕ್ಕೆ ಏಳು ಗಂಟೆ. ತಿಂಡಿಗೆ ಮುಂಚೆ ಇನ್ನೂರು ನೇರ ಹೊಡೆತ, ಇನ್ನೂರೂ ನೀಲಿ ಚೆಂಡು. ಒಂದು ತಪ್ಪಿದರೆ ಮತ್ತೆ ಒಂದರಿಂದ ಎಣಿಕೆ. ಮೇಜಿನ ಸುತ್ತ ನಡೆಯುವುದೇ ದಿನಕ್ಕೆ ಒಂಬತ್ತು ಕಿಲೋಮೀಟರ್. ಬಗ್ಗಿ ಬಗ್ಗಿ ಸೊಂಟದಲ್ಲಿ ಒಂದು ಎಲುಬು ಸವೆದಿದೆ, ಗದ್ದದಲ್ಲಿ ಕೋಲು ತಾಗಿ ತಾಗಿ ಬೆರಳು ಕೂರುವಷ್ಟು ಗುಳಿ. ಅವರಮ್ಮ ಬೀದಿ ತುದಿಯಲ್ಲಿ ಕರಿದ ಹಿಟ್ಟಿನ ಕೋಲುಗಳನ್ನೂ ಸೋಯಾ ಹಾಲನ್ನೂ ಮಾರುತ್ತಾರೆ. ಎಂಟು ಗಂಟೆಗೆ ಮಗನಿಗೆ ತಿಂಡಿ ತಂದವರು ನಮ್ಮ ಕಡೆ ತಿರುಗಿ, “ನಾನೂ ಕೋಲು ಮಾಡ್ತೀನಿ, ಇವನೂ ಕೋಲು ಹಿಡೀತಾನೆ. ನನ್ನ ಕೋಲು ಡೊಂಕಿದ್ರೂ ಜನ ತಿಂತಾರಪ್ಪ,” ಎಂದು ನಗುತ್ತಾರೆ. ಮಗನೂ ನಗುತ್ತಾರೆ. ನನಗೆ ನಗು ಬರುವುದಿಲ್ಲ.

ಈ ಏಪ್ರಿಲ್ ತಪ್ಪಿದರೆ ಮುಗಿಯಿತು. ಸೊಂಟ ಇನ್ನೊಂದು ವರ್ಷ ತಡೆಯುವುದಿಲ್ಲ ಎಂದು ವೈದ್ಯರು ಹೇಳಿಯಾಗಿದೆ. ಅರ್ಜಿ ತುಂಬಿ ಕಚೇರಿಗೆ ಕೊಟ್ಟು ಮೂರು ವಾರವಾಗಿತ್ತು. ಅದು ಲುವಾನ್ ಸಾಹೇಬರ ಮೇಜಿನ ಮೇಲೆ, ಅವರ ಚಹಾ ಲೋಟದ ಕೆಳಗೆ ಇತ್ತು. ಲೋಟದ ದುಂಡು ಕಲೆ ಬಿದ್ದಿತ್ತು. ಕೆಂಪು ಮುದ್ರೆ ಬಿದ್ದಿರಲಿಲ್ಲ.

ಕಳೆದ ಸೋಮವಾರ ಫೋನು ಬಂತು. ಮೆಂಗ್ ಅಕ್ಕನ ಹಾಲಿನ ಫೋನಿನಲ್ಲಿ, ಸುತ್ತ ನಿಂತ ನಮಗೆಲ್ಲ ಕೇಳುವಷ್ಟು ಜೋರಾಗಿ ಲುವಾನ್ ಸಾಹೇಬರ ದನಿ.

“ಏನಯ್ಯಾ ಗೆಂಗ್, ಕ್ರೀಡಾಂಗಣಕ್ಕೆ ಒಂದು ವರ್ಷ ತುಂಬ್ತು. ನಾಳೆ ಬೆಳಗ್ಗೆ ಫೋಟೋ. ಕೋಲು ತಗೊಂಡು ಬಾ. ನಿನ್ನ ಅರ್ಜೀನೂ ಅಲ್ಲೇ ನೋಡೋಣ.”

“ನಾನು ಬರ್ತೀನಿ ಸಾಹೇಬ್ರೇ. ಕೋಲು ಬರಲ್ಲ.”

“ಯಾಕೆ, ಅದಕ್ಕೆ ಜ್ವರಾನಾ?”

“ಹೋದ ವರ್ಷದ್ದೇ ಇನ್ನೂ ವಾಸಿಯಾಗಿಲ್ಲ.”

“ಕೋಲಿಲ್ದೆ ನೀನ್ಯಾರು ಅಂತ ಯಾರಿಗೆ ಗೊತ್ತಾಗುತ್ತಯ್ಯಾ? ಮುದ್ರೆ ಬೇಕೋ ಬೇಡ್ವೋ?” ಫೋನು ಕಟ್ಟಾಯಿತು.

ಗೆಂಗ್ ಫೋನನ್ನು ಕೆಳಗಿಟ್ಟರು. ಮೆಂಗ್ ಅಕ್ಕ ಬೀಜದ ಸಿಪ್ಪೆ ಉಗಿದರು. ಎದ್ದು ಹೋಗಿ, ಶಾಲೆ ಬಿಟ್ಟ ಮೇಲೆ ಬರುವ ಮಕ್ಕಳು ಕತ್ತಿವರಸೆ ಆಡುವ ಬಾಡಿಗೆ ಕೋಲುಗಳ ರಾಶಿಯಿಂದ ಒಂದನ್ನು ಎಳೆದು ತಂದರು. ತುದಿಯ ಚರ್ಮದ ಬಿಲ್ಲೆ ಹಾರಿಹೋಗಿದೆ. ಬುಡದಲ್ಲಿ ಕೆಂಪು ಬಣ್ಣದಲ್ಲಿ, ದೂರಕ್ಕೂ ಕಾಣುವಂತೆ, 14 ಎಂದು ಬರೆದಿದೆ.

“ಇದನ್ನ ತಗೊಂಡು ಹೋಗೋ ಬೋಲಿನ್. ಕೊಳವೆಗಾದ್ರೂ ಒರಗಿಸ್ಲಿ, ಒಲೆಗಾದ್ರೂ ಇಡ್ಲಿ.”

“ಗೊತ್ತಾಗಲ್ವಾ ಅಕ್ಕ? ಇಷ್ಟು ದೊಡ್ಡದಾಗಿ ನಂಬರ್ ಬರೆದಿದೆ.”

“ಅವನಿಗಾ?” ಎಂದರು ಮೆಂಗ್ ಅಕ್ಕ.

ಮಂಗಳವಾರ ಕ್ರೀಡಾಂಗಣದ ಮುಂದೆ ನಾನೂ ನಿಂತಿದ್ದೆ. ಲುವಾನ್ ಸಾಹೇಬರು ಕೈಗವಸು ಕಳಚಿ, ಹದಿನಾಲ್ಕನೇ ನಂಬರಿನ ಕೋಲನ್ನು ತುದಿಯಿಂದ ಬುಡದವರೆಗೆ ಸವರಿದರು. ಅವರ ಹೆಬ್ಬೆರಳು ಆ ಕೆಂಪು ಅಂಕಿಯ ಮೇಲೇ ನಿಂತಿತ್ತು. “ನಮ್ಮೂರಿನ ಕೀರ್ತಿಯನ್ನು ಸಾಗರದಾಚೆ ಕೊಂಡೊಯ್ದ ಕೋಲು ಇದೇ!” ಎಂದು ಮೈಕಿನಲ್ಲಿ ಹೇಳಿದರು. ಚಪ್ಪಾಳೆ ಬಿತ್ತು. ವಾಹಿನಿಯವರು ಹತ್ತಿರದಿಂದ ತೋರಿಸಿದರು. ಪತ್ರಿಕೆಯವರು ಎರಡು ಕೋನದಿಂದ ಹೊಡೆದುಕೊಂಡರು. ನೂರಾರು ಜನ ನೋಡಿದರು. ಒಬ್ಬನೇ ಒಬ್ಬ, ಒಬ್ಬನಾದರೂ, ಇದೇನು ಎಂದು ಕೇಳಲಿಲ್ಲ. ನನಗೆ ಮೊದಲು ನಗು ಒತ್ತಿಕೊಂಡು ಬಂತು. ಆಮೇಲೆ ಸಿಟ್ಟು. ಹದಿನೇಳು ವರ್ಷ ಒಬ್ಬ ಮನುಷ್ಯ ಹಿಡಿದು ಸವೆಸಿದ ಕೋಲು ಯಾವುದು, ಮಕ್ಕಳು ಗುದ್ದಾಡುವ ಕೋಲು ಯಾವುದು ಎಂದು ಗೊತ್ತಿಲ್ಲದವರ ಲೋಟದ ಕೆಳಗೆ ಅವನ ಬಾಳು ಸಿಕ್ಕಿಕೊಂಡಿತ್ತಲ್ಲ!

ಮುದ್ರೆ ಬಿತ್ತು. ಚಹಾದ ಕಲೆಯ ಮೇಲೇ ಬಿತ್ತು. ಅರ್ಜಿ ಹೋಯಿತು. ಫೋಟೋ ಬುಧವಾರದ ಪತ್ರಿಕೆಯಲ್ಲಿ ಬಂತು. ಈ ಸಲ ಗೆಂಗ್‌ರ ಮುಖವೂ ಇದೆ, ಹೆಸರೂ ಸರಿಯಿದೆ, ಕೆಂಪು ಅಂಕಿಯೂ ಸ್ಪಷ್ಟವಾಗಿದೆ. ಮೆಂಗ್ ಅಕ್ಕ ಅದನ್ನು ಕತ್ತರಿಸಿ ಸ್ನೂಕರ್ ಮೇಜಿನ ಮೇಲಿನ ಗೋಡೆಗೆ ಅಂಟಿಸಿದ್ದಾರೆ.

ಇವತ್ತು ನೀಲಿ ಚೆಂಡಿನ ಎಣಿಕೆ ನೂರಾ ಅರವತ್ತೆರಡಕ್ಕೆ ಬಂದು ತಪ್ಪಿತು. ಗೆಂಗ್ ಚೆಂಡನ್ನು ಮತ್ತೆ ಅದರ ಚುಕ್ಕಿಯ ಮೇಲಿಟ್ಟು, ಗೀರನ್ನು ಹೆಬ್ಬೆರಳಿನಿಂದ ಹುಡುಕಿ, ಬಗ್ಗುತ್ತಾರೆ. ಏಪ್ರಿಲ್‌ನಲ್ಲಿ ಏನಾಗಬೇಕೆಂದು ಆಸೆ ಎಂದು ಕೇಳುತ್ತೇನೆ. ಗದ್ದ ಕೋಲಿನ ಮೇಲಿದ್ದಂತೆಯೇ, ಕಣ್ಣು ಚೆಂಡಿನಿಂದ ತೆಗೆಯದೆ ಹೇಳುತ್ತಾರೆ:

“ಒಳಗೆ ಹೋಗ್ಬೇಕು, ಅದಂತೂ ಇದ್ದೇ ಇದೆ. ಇನ್ನೊಂದು ಸಣ್ಣ ಆಸೆ. ಯಾರಾದ್ರೂ ಒಬ್ರು ಈ ಬಾಗಿಲು ತಳ್ಕೊಂಡು ಬಂದು, ಆ ಫೋಟೋ ನೋಡಿ, ‘ಗೆಂಗಣ್ಣ, ಅದು ನಿಮ್ಮ ಕೋಲಲ್ವಲ್ಲ’ ಅನ್ಬೇಕು.”

ಚೆಂಡು ಪಾಕೆಟ್ಟಿಗೆ ಬೀಳುತ್ತದೆ. “ಒಂದು,” ಎನ್ನುತ್ತಾರೆ ಗೆಂಗ್.