ನಾಡಿ ಡಾಕ್ಟರಮ್ಮನ ಹನ್ನೆರಡು ಹೆಜ್ಜೆ

ನಮ್ಮ ಮನೆಯಲ್ಲಿ ಅಕ್ಕನನ್ನು ಕರೆಯಬೇಕಾದರೆ ನೆಲಕ್ಕೆ ಎರಡು ಸಲ ಕಾಲು ಕುಟ್ಟಬೇಕು. ಮಹಡಿಯದು ಹಲಗೆಯ ನೆಲ. ಕುಟ್ಟಿದ್ದು ಹಲಗೆಯುದ್ದಕ್ಕೂ ಹರಿದು ಅವಳ ಅಂಗಾಲಿಗೆ ಮುಟ್ಟುತ್ತದೆ, ಅವಳು ತಿರುಗಿ ನಮ್ಮ ಮುಖ ನೋಡುತ್ತಾಳೆ. ಒಂಬತ್ತನೇ ವಯಸ್ಸಿನಲ್ಲಿ ಬಂದ ಜ್ವರ ಅವಳ ಎರಡೂ ಕಿವಿಗಳನ್ನು ತೆಗೆದುಕೊಂಡು ಹೋಯಿತು. ಆಗ ನನಗೆ ಆರು. ಅಕ್ಕ ಯಾಕೆ ಓಗೊಡುವುದಿಲ್ಲ ಎಂದು ನನಗೆ ಯಾರೂ ಬಿಡಿಸಿ ಹೇಳಲಿಲ್ಲ. ಇನ್ನಷ್ಟು ಜೋರಾಗಿ ಕರೆದರೆ ಕೇಳಿಸೀತು ಎಂದುಕೊಂಡು ಕೂಗಿದೆ, ಕೂಗುತ್ತಲೇ ದೊಡ್ಡವನಾದೆ. ಈಗ ನಾನು ಶಾಲೆಯಲ್ಲಿ ವ್ಯಾಯಾಮದ ಮೇಷ್ಟ್ರು. ಮೇಷ್ಟ್ರ ಕೈಯಲ್ಲಿ ಸೀಟಿ ಯಾಕೆ, ದಂಡಕ್ಕೆ, ಎಂದು ಜೊತೆಯವರು ಆಡಿಕೊಳ್ಳುತ್ತಾರೆ. ಈ ಗಂಟಲು ಬೆಳೆದದ್ದು ಅಕ್ಕನಿಗಾಗಿ ಎಂದು ಅವರಿಗೇನು ಗೊತ್ತು.

ಅಕ್ಕನಷ್ಟು ಒಪ್ಪಿಕೊಳ್ಳುವ ಜೀವವನ್ನು ನಾನು ಇನ್ನೊಂದು ಕಂಡಿಲ್ಲ. "ಅಕ್ಕಾ, ಟೀ ಕುಡೀತೀಯಾ?" ಎಂದು ಸೂರು ಹಾರಿಹೋಗುವಂತೆ ಕೇಳಿದರೆ "ಹೂಂ, ಆಯ್ತು" ಎನ್ನುತ್ತಾಳೆ. ಪೇಟೆಗೆ ಬರ್ತೀಯಾ ಎಂದರೂ ಆಯ್ತು, ಈ ಅಂಗಿ ನನಗೆ ಒಪ್ಪುತ್ತಾ ಎಂದರೂ ಆಯ್ತು. ನನ್ನ ಒಂದು ಮಾತನ್ನೂ ಅವಳು ತೆಗೆದುಹಾಕಿದ್ದಿಲ್ಲ. ಅಮ್ಮ ಮದುವೆಯ ವಿಷಯವನ್ನು ಚೀಟಿಯಲ್ಲಿ ಬರೆದು ಕೊಟ್ಟಾಗ ಮಾತ್ರ ಅದೇ ಚೀಟಿಯ ಬೆನ್ನಿಗೆ "ಬೇಡ" ಎಂದು ದಪ್ಪಕ್ಷರದಲ್ಲಿ ಬರೆದು ವಾಪಸು ಕೊಟ್ಟಿದ್ದಳು.

ಅವಳು ಕೆಲಸ ಮಾಡುವುದು ಒಂದು ಮುದ್ರಣಾಲಯದಲ್ಲಿ. ಹದಿನೆಂಟಕ್ಕೆ ಸೇರಿದಾಗ ಕಾಗದ ಮಡಚುವ ಕೆಲಸ. ಊಟದ ಹೊತ್ತಿಗೆ ಬುತ್ತಿ ಹಿಡಿದು ಮಷೀನಿಗೆ ಒರಗಿ ಕೂರುವ ಅಭ್ಯಾಸ. ಒಂದು ದಿನ ಹಾಗೆ ಮೂರನೇ ಮಷೀನಿಗೆ ಒರಗಿದ್ದವಳು ತುತ್ತು ಕೆಳಗಿಟ್ಟು, ಎದ್ದು ಹೋಗಿ, ಅದರ ಸ್ವಿಚ್ ಆರಿಸಿಬಿಟ್ಟಳು. ಮೇಸ್ತ್ರಿಗೆ ಪಿತ್ತ ನೆತ್ತಿಗೇರಿತು. "ಒಳಗೆ ಏನೋ ಕುಂಟ್ತಾ ಇದೆ, ಬಿಚ್ಚಿ ನೋಡಿ" ಎಂದಳು ಅಕ್ಕ. ಬೈದುಕೊಂಡೇ ಬಿಚ್ಚಿದರು. ರೋಲರಿನ ಬೇರಿಂಗ್ ಪುಡಿಯಾಗಲು ಕಾದು ಕುಳಿತಿತ್ತು. ಇನ್ನೊಂದು ಗಂಟೆ ಓಡಿದ್ದರೆ ರೋಲರೇ ಕಿತ್ತು ಬಂದು ಯಾರ ಕೈ ಕಾಲು ಹೋಗುತ್ತಿತ್ತೋ. ಅಂದಿನಿಂದ ಅವಳಿಗೆ ಕಾಗದ ಮಡಚುವ ಕೆಲಸ ತಪ್ಪಿತು. ಬೆಳಿಗ್ಗೆ ಬಂದವಳೇ ಏಳು ಮಷೀನುಗಳ ಪಕ್ಕೆಗೂ ಅಂಗೈ ಇಟ್ಟು, ಕಣ್ಣು ಮುಚ್ಚಿ, ಒಂದೊಂದರ ಯೋಗಕ್ಷೇಮ ವಿಚಾರಿಸುತ್ತಾಳೆ. ಅಲ್ಲಿನ ಗದ್ದಲಕ್ಕೆ ಬೇರೆಯವರು ಕಿವಿಗೆ ಹತ್ತಿ ತುರುಕಿಕೊಂಡು ಓಡಾಡುವಾಗ ಅವಳೊಬ್ಬಳು ನಿರಾಳ. ಅಲ್ಲಿ ಅವಳನ್ನು ಯಾರೂ ಹೆಸರಿನಿಂದ ಕರೆಯುವುದಿಲ್ಲ, ನಾಡಿ ಡಾಕ್ಟರಮ್ಮ ಎನ್ನುತ್ತಾರೆ.

ಇಂಥವಳು ಐವತ್ತನೇ ವಯಸ್ಸಿನಲ್ಲಿ ವಿಡಿಯೋ ಗೇಮ್ ಆಡಲು ಕುಳಿತದ್ದಕ್ಕೆ ಕಾರಣ ನನ್ನ ಗಂಟಲೇ.

ನನ್ನ ಮಗಳು ಕಾಲೇಜಿನ ಮೊದಲ ವರ್ಷದಲ್ಲಿದ್ದಾಳೆ. ಅವಳೂ ಮೂವರು ಗೆಳತಿಯರೂ ಸೇರಿ ಕಂಪ್ಯೂಟರಿನಲ್ಲಿ ಎರಡು ವರ್ಷದಿಂದ ಒಂದು ಊರು ಕಟ್ಟುತ್ತಿದ್ದಾರೆ. ಅದು ಚೌಕ ಚೌಕ ಗಟ್ಟಿಗಳ ಲೋಕ. ಮಣ್ಣು ಅಗೆ, ಮರ ಕಡಿ, ಮನೆ ಕಟ್ಟು, ಹಸಿವಾದರೆ ಬೆಳೆದು ತಿನ್ನು, ಸಾಯದೆ ಉಳಿ. ಇದನ್ನೆಲ್ಲ ಹೊರಗೆ ಅಂಗಳದಲ್ಲೇ ಮಾಡಬಹುದಲ್ಲ ಎಂದು ನಾನು ಬೇಕಾದಷ್ಟು ಸಲ ಕೂಗಾಡಿದ್ದೇನೆ. ಆ ಊರಿನಲ್ಲಿ ನನ್ನ ಮಗಳು ಕಟ್ಟಿದ್ದು ಒಂದು ಮುದ್ರಣಾಲಯ. ಏಳು ಮಷೀನು, ಮೂರನೆಯದರ ಪಕ್ಕ ಅವಳ ಅತ್ತೆಗೆ ಕೂರಲು ಒಂದು ಸ್ಟೂಲು.

ಆ ಲೋಕದ ತಳದಲ್ಲಿ, ತುಂಬ ಆಳದಲ್ಲಿ, ಕತ್ತಲೆಯ ಹಾಳೂರೊಂದಿದೆ. ಅಲ್ಲಿ ನೆಲದ ಮೇಲೆ ಗಿಡದಂಥವು ಬೆಳೆದಿರುತ್ತವೆ. ಅವುಗಳಿಗೆ ಕಣ್ಣಿಲ್ಲ, ಬರೀ ಕಿವಿ. ಮಗಳು ಅವಕ್ಕೆ ಕಿವಿಗಿಡ ಎಂದು ಹೆಸರಿಟ್ಟಿದ್ದಾಳೆ. ಹೆಜ್ಜೆಯ ಸದ್ದು ಕೇಳಿಸಿದರೆ ಅವು ಚೀರುತ್ತವೆ. ಮೂರನೇ ಚೀರಿಗೆ ನೆಲ ಸೀಳಿಕೊಂಡು ಒಂದು ರಾಕ್ಷಸ ಏಳುತ್ತದೆ. ಕುರುಡು ರಾಕ್ಷಸ, ಆದರೆ ಸದ್ದು ಎಲ್ಲಿಂದ ಬಂತು ಎಂದು ತಿಳಿದು ಅಲ್ಲಿಗೇ ಬಂದು ಬಡಿಯುತ್ತದೆ, ಒಂದೇ ಏಟಿಗೆ ಕಥೆ ಮುಗಿಯಿತು. ಹಾಗಾಗಿ ಬಗ್ಗಿ, ಕಳ್ಳಹೆಜ್ಜೆ ಇಡುತ್ತಾ, ಸದ್ದು ನುಂಗುವ ಉಣ್ಣೆಯ ಗಟ್ಟಿಗಳನ್ನು ದಾರಿಗೆ ಹಾಸಿಕೊಂಡು ಹೋಗಬೇಕು. ರಾಕ್ಷಸ ಎದ್ದೇಬಿಟ್ಟರೆ ಹಿಮದ ಉಂಡೆಯೊಂದನ್ನು ದೂರಕ್ಕೆ ಎಸೆದು, ಅದರ ಸದ್ದಿನತ್ತ ಅದನ್ನು ಓಡಿಸಬಹುದು. ಈ ಹುಡುಗಿಯರ ಗುಂಪಿನ ಕಟ್ಟಳೆ ಇನ್ನೂ ಬಿಗಿ. ಆಡುವವರ ಮೈಕ್ ತೆರೆದಿರಲೇಬೇಕು, ಕೋಣೆಯ ಸದ್ದೂ ಕಿವಿಗಿಡಗಳಿಗೆ ಕೇಳಿಸುತ್ತದೆ. ಒಬ್ಬರಿಗೆ ಒಂದೇ ಜೀವ. ಸತ್ತರೆ, ಇಲ್ಲವೇ ಹತ್ತು ದಿನ ಆಟಕ್ಕೆ ಬಾರದೇ ಹೋದರೆ, ಅವರು ಕಟ್ಟಿದ್ದೆಲ್ಲ ಅಳಿಸಿಹೋಗುತ್ತದೆ.

ಮಗಳು ಅಲ್ಲಿನ ಪೆಟ್ಟಿಗೆಯಲ್ಲಿ ಮಾತ್ರ ಸಿಗುವ ಯಾವುದೋ ಪುಸ್ತಕಕ್ಕೆಂದು ಇಳಿದಿದ್ದಳು. ಪುಸ್ತಕ ಸಿಕ್ಕಿತ್ತು. ಒಂದು ಚೀರು ಆಗಿತ್ತು. ಅಷ್ಟರಲ್ಲಿ ನಾನು ಕೆಳಗಿನಿಂದ, "ಊಟಕ್ಕೆ ಬರ್ತೀಯೋ ಇಲ್ವೋ!" ಎಂದು ಕೂಗಿದೆ. ಎರಡನೇ ಚೀರಾಯಿತು. ಅವಳು ಆಟ ನಿಲ್ಲಿಸಿ, ನನ್ನ ಜೊತೆ ಜಗಳ ಆಡಲೆಂದು ಮೆಟ್ಟಿಲಲ್ಲಿ ಓಡಿ ಬಂದು, ತಿರುವಿನಲ್ಲಿ ಜಾರಿ, ಬಲಗೈ ಮಣಿಕಟ್ಟು ಮುರಿದುಕೊಂಡಳು. ಆರು ವಾರ ಪ್ಲಾಸ್ಟರ್ ಎಂದರು ಡಾಕ್ಟರು. ಆಟದ ಗಡುವು ಹತ್ತೇ ದಿನ.

ನಾನೇ ಆಡಿ ಹೊರಗೆ ತರಲೇ ಎಂದು ಕೇಳಿದೆ. ಅವಳು ನನ್ನನ್ನು ನೋಡಿದ ನೋಟವನ್ನು ಇಲ್ಲಿ ಬರೆಯುವುದಿಲ್ಲ.

"ಅತ್ತೆ ಆಡ್ತಾರೆ" ಎಂದಳು. ಎಡಗೈ ಸನ್ನೆಯಲ್ಲೂ ತುಟಿಯಲ್ಲೂ ಅತ್ತೆಗೆ ಎಲ್ಲ ವಿವರಿಸಿದಳು. ಅವರಿಬ್ಬರ ಮಾತುಕತೆ ಯಾವಾಗಲೂ ಹಾಗೆ, ಎದುರುಬದುರು ಕೂತು, ಪಿಸುಗುಟ್ಟಿದಂತೆ. ನನಗೆ ಅದನ್ನು ಕಂಡರೆ ಒಳಗೊಳಗೇ ಹೊಟ್ಟೆಕಿಚ್ಚು. ಅಕ್ಕ ಎಲ್ಲ ತಿಳಿದುಕೊಂಡು ನಕ್ಕಳು. "ಅದಕ್ಕೆ ಕಣ್ಣಿಲ್ಲ, ನನಗೆ ಕಿವಿಯಿಲ್ಲ. ಜೋಡಿ ಸರಿಯಾಗಿದೆ."

ಮಗಳು ಕಲಿಯುವುದಕ್ಕೆಂದು ಬೇರೊಂದು ಲೋಕ ತೆರೆದುಕೊಟ್ಟಳು. ಕೆಲಸ ಮುಗಿಸಿ ಬಂದ ಅಕ್ಕ ಸಂಜೆ ಎರಡೆರಡು ಗಂಟೆ ಕೂರುತ್ತಿದ್ದಳು. ಮೊದಲ ದಿನ ಹನ್ನೊಂದು ಸಲ ಸತ್ತಳು. ಮೂರನೇ ದಿನ ಅವಳಿಗೆ ಒಂದು ಗುಟ್ಟು ಸಿಕ್ಕಿತು. ರಾಕ್ಷಸನ ಎದೆಬಡಿತಕ್ಕೆ ತಕ್ಕಂತೆ ಕೈಯಲ್ಲಿ ಹಿಡಿದ ಆಟದ ರಿಮೋಟು ನಡುಗುತ್ತದೆ. ಉಳಿದವರು ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಹೆದರುತ್ತಾ ಆಡುವುದರಿಂದ ಆ ನಡುಕವನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಅಕ್ಕನಿಗೆ ಅದೇ ದಾರಿದೀಪವಾಯಿತು. ಅದು ಎಷ್ಟು ಹತ್ತಿರವಿದೆ, ಯಾವಾಗ ದೂರ ಸರಿಯಿತು ಎಲ್ಲವನ್ನೂ ಅಂಗೈಯಲ್ಲೇ ಹೇಳಿಬಿಡುತ್ತಿದ್ದಳು. "ನಮ್ಮ ಮೂರನೇ ಮಷೀನಿನ ಥರಾನೇ ಕಣೇ, ಸಿಟ್ಟು ಬರೋ ಮುಂಚೆ ಹೇಳುತ್ತೆ" ಎಂದಳು ಮಗಳಿಗೆ. ಆರನೇ ದಿನ ಒಂದು ಸಲವೂ ಸಾಯಲಿಲ್ಲ. ನನ್ನ ಅಕ್ಕನ ಬಗ್ಗೆ ನನಗೆ ಹೆಮ್ಮೆ ಯಾವಾಗಲೂ ಇತ್ತು, ಆದರೆ ಆ ವಾರ ಶಾಲೆಯಲ್ಲಿ ಕಂಡಕಂಡವರಿಗೆಲ್ಲ ಹೇಳಿಕೊಂಡು ತಿರುಗಿದೆ.

ಒಂಬತ್ತನೇ ದಿನ ಭಾನುವಾರ. ಮಧ್ಯಾಹ್ನ ಮನೆಯ ಬಾಯಿ ಕಟ್ಟಿದೆವು. ಫ್ರಿಜ್ ಆರಿತು, ಫ್ಯಾನ್ ನಿಂತಿತು, ಕರೆಗಂಟೆಯ ತಂತಿ ಕಿತ್ತೆ, ಗೋಡೆ ಗಡಿಯಾರ ದಿಂಬಿನಡಿ ಸೇರಿತು. ನೆಗಡಿಯಾಗಿದ್ದ ನನ್ನ ಹೆಂಡತಿ, "ಸೀನು ಬಂದ್ರೆ ಆಮೇಲೆ ನನ್ನ ತಲೆಗೆ ಕಟ್ತೀರಾ" ಎಂದು ತಾನಾಗಿ ಪಕ್ಕದ ಮನೆಗೆ ಹೋದಳು. ನನ್ನ ಕೊರಳಿನ ಸೀಟಿಯನ್ನು ಮಗಳು ಮುಟ್ಟುಗೋಲು ಹಾಕಿಕೊಂಡಳು. ಕಾಲುಚೀಲ ಹಾಕಿಕೊಂಡು ಬಾಯಿ ಹೊಲಿದುಕೊಂಡು ಕೂರುವುದಾದರೆ ಇರಬಹುದು ಎಂದು ಅಪ್ಪಣೆಯಾಯಿತು. ಅಕ್ಕನಿಗೆ ತನ್ನ ದನಿ ಎಷ್ಟು ಜೋರೆಂದು ತಾನೇ ತಿಳಿಯುವುದಿಲ್ಲ. ಅದಕ್ಕೆ ಅವಳು ಹಲ್ಲಿನ ನಡುವೆ ಒಂದು ಪೆನ್ಸಿಲ್ ಕಚ್ಚಿಕೊಂಡಳು.

ಶುರುವಾಯಿತು. ಕತ್ತಲೆಯ ಹಾಳೂರು. ಅಕ್ಕ ಉಣ್ಣೆಯ ಗಟ್ಟಿ ಹಾಸುತ್ತಾಳೆ, ಒಂದು ಹೆಜ್ಜೆ, ಇನ್ನೊಂದು ಗಟ್ಟಿ, ಇನ್ನೊಂದು ಹೆಜ್ಜೆ. ನಲವತ್ತು ನಿಮಿಷ ಹಾಗೇ ನಡೆಯಿತು. ಅಷ್ಟು ಹೊತ್ತು ಬಾಯಿ ಮುಚ್ಚಿ ನಾನು ನನ್ನ ಮದುವೆಯಲ್ಲೂ ಕೂತಿರಲಿಲ್ಲ. ಮೇಲೆ ಹತ್ತುವ ಮೆಟ್ಟಿಲು ಕಾಣಿಸಿತು. ಇನ್ನು ಹನ್ನೆರಡೇ ಹೆಜ್ಜೆ. ಉಣ್ಣೆ ಮುಗಿದಿತ್ತು. ಅಕ್ಕ ಬಗ್ಗಿದಂತೆಯೇ ಬರೀ ನೆಲದ ಮೇಲೆ ಎಡಕ್ಕೆ ಹೊರಳಿದಳು. ಆ ಎಡಗಡೆ ಕಂಬದ ಹಿಂದೆ ಒಂದು ಕಿವಿಗಿಡದ ತುದಿ ನನಗೆ ಕಾಣಿಸಿತು, ಅವಳಿಗೆ ಕಾಣಿಸಿರಲಿಲ್ಲ.

ಕೂಗಬಾರದು ಎನ್ನುವುದು ನೆನಪಿತ್ತು, ಕೂಗಲಿಲ್ಲ. ನಲವತ್ತು ವರ್ಷದ ಅಭ್ಯಾಸ ಕಾಲಿಗಿಳಿಯಿತು. ನೆಲಕ್ಕೆ ಎರಡು ಸಲ ಕುಟ್ಟಿದೆ.

ಮೂರನೇ ಚೀರು. ಪರದೆ ಕಪ್ಪಾಯಿತು, ನೆಲ ಬಿರಿಯಿತು. ಮಗಳು ಪ್ಲಾಸ್ಟರಿನ ಕೈಯಿಂದ ಬಾಯಿ ಮುಚ್ಚಿಕೊಂಡಳು, ಕಣ್ಣಲ್ಲಿ ನೀರು ತುಂಬಿತು. ಎರಡು ವರ್ಷದ ಮುದ್ರಣಾಲಯ ನನ್ನ ಕಾಲಡಿಯಲ್ಲಿ ಪುಡಿಯಾಗುವುದರಲ್ಲಿತ್ತು. ಆದರೆ ಅಕ್ಕ ಓಡಲಿಲ್ಲ, ಬೆರಳು ಕೂಡ ಅಲುಗಿಸಲಿಲ್ಲ. ಕುಟ್ಟಿದರೆ ಏನು ಮಾಡಬೇಕೋ ಅದನ್ನೇ ಮಾಡಿದಳು. ತಿರುಗಿ ನನ್ನ ಮುಖ ನೋಡಿದಳು.

ನನ್ನ ಬಾಯಿ ತೆರೆಯಿತು, ದನಿ ಹೊರಡಿಸುವ ಧೈರ್ಯ ಇರಲಿಲ್ಲ. ಬರೀ ತುಟಿಯಲ್ಲಿ ಹೇಳಿದೆ. ಎಡಗಡೆ ಕಂಬದ ಹಿಂದೆ ಇನ್ನೊಂದು ಗಿಡ ಇದೆ ಅಕ್ಕ, ಹಿಮದ ಉಂಡೆ ಬಲಕ್ಕೆ ದೂರ ಎಸಿ.

ಅವಳ ಹುಬ್ಬು ಮೇಲೇರಿತು. ಒಂದು ಕ್ಷಣ ನನ್ನನ್ನೇ ನೋಡಿದಳು, ಆಮೇಲೆ ಪರದೆಗೆ ತಿರುಗಿ ಬಲಕ್ಕೆ ಉಂಡೆ ಎಸೆದಳು. ಅದು ದೂರದ ಗೋಡೆಗೆ ಬಡಿದ ಸದ್ದಿಗೆ ರಾಕ್ಷಸ ಅತ್ತ ನುಗ್ಗಿತು. ಆಗಲೂ ಅವಳು ಅವಸರಪಡಲಿಲ್ಲ. ಅಂಗೈಯಲ್ಲಿ ಅದರ ಎದೆಬಡಿತ ಸಣ್ಣದಾಗುವವರೆಗೆ ಕಣ್ಣು ಮುಚ್ಚಿ ಕಾದಳು, ಬೆಳಿಗ್ಗೆ ಮಷೀನಿನ ಪಕ್ಕ ನಿಲ್ಲುತ್ತಾಳಲ್ಲ, ಹಾಗೇ. ಕಣ್ಣು ತೆರೆದು ಕಂಬದಿಂದ ದೂರಕ್ಕೆ ಸರಿದು, ಹನ್ನೆರಡು ಹೆಜ್ಜೆ ಬೆಕ್ಕಿನಂತೆ ನಡೆದು, ಮೆಟ್ಟಿಲು ಹತ್ತಿದಳು. ಮೇಲೆ ಆಟದ ಲೋಕದಲ್ಲಿ ಬಿಸಿಲಿತ್ತು.

ಮಗಳು ಮೈಕ್ ಆರಿಸಿ, ಒಂದೇ ಕೈಯಿಂದ ಅತ್ತೆಯನ್ನು ತಬ್ಬಿಕೊಂಡು ಬಿಕ್ಕಿ ಬಿಕ್ಕಿ ಅತ್ತಳು, ನಕ್ಕಳು, ಗೆಳತಿಯರಿಗೆ ಹೇಳಲು ಓಡಿದಳು. ಅಕ್ಕ ಹಲ್ಲಿನ ಗುರುತು ಬಿದ್ದಿದ್ದ ಪೆನ್ಸಿಲ್ ತೆಗೆದು ಮೇಜಿನ ಮೇಲಿಟ್ಟಳು. ನಾನು ತಲೆ ತಗ್ಗಿಸಿ ಕೂತಿದ್ದೆ. ಅವಳೇ ನನ್ನ ಗದ್ದ ಹಿಡಿದು ಎತ್ತಿದಳು.

"ಇವತ್ತು ನೀನು ಹೇಳಿದ್ದು ಪೂರ್ತಿ ಗೊತ್ತಾಯ್ತು ಕಣೋ. ಒಂದಕ್ಷರ ಬಿಡದೆ."

ಯಾಕೆ, ಬೇರೆ ದಿನ ಗೊತ್ತಾಗಲ್ವಾ ಎಂದು ನಾನು ಎಂದಿನಂತೆ ಕೂಗಿ ಕೇಳಿದೆ. ಅವಳು ಅಂಗೈಯನ್ನು ಗಾಳಿಯಲ್ಲಿ ಕೆಳಕ್ಕೆ ಒತ್ತಿದಳು. ಮೆಲ್ಲಗೆ ಎಂದು ಅರ್ಥ.

"ನೀನು ಕೂಗಿದ್ರೆ ಬಾಯಿ ಅಷ್ಟಗಲ ಆಗುತ್ತೆ. ಎಲ್ಲ ಮಾತೂ ಆ, ಆ ಅಂತಾನೇ ಕಾಣಿಸುತ್ತೆ. ಊರವರ ತುಟಿಯೆಲ್ಲ ಓದ್ತೀನಿ, ನಿನ್ನದು ಮಾತ್ರ ಆಗಲ್ಲ. ನಲವತ್ತು ವರ್ಷದಿಂದ ನಿನ್ನ ಜೊತೆ ಬರೀ ಅಂದಾಜಲ್ಲೇ ಇದ್ದೀನಿ."

ಹೂಂ, ಆಯ್ತು. ಹೂಂ, ಆಯ್ತು. ಇಷ್ಟು ವರ್ಷದ ಎಲ್ಲ ಆಯ್ತುಗಳೂ ಸಾಲಾಗಿ ಕಣ್ಣ ಮುಂದೆ ಬಂದವು. ಯಾಕೆ ಹೇಳಲಿಲ್ಲ ಎಂದು ಕೇಳಿದೆ, ಈ ಸಲ ತುಟಿಯಲ್ಲಿ ಮಾತ್ರ.

"ಆರು ವರ್ಷದ ಹುಡುಗ, ಕತ್ತಿನ ನರ ಉಬ್ಬಿಸ್ಕೊಂಡು, ಮುಖ ಕೆಂಪಗೆ ಮಾಡ್ಕೊಂಡು, ನಾನು ಕೇಳಿಸ್ಕೊಳ್ಳಲಿ ಅಂತ ಅಷ್ಟು ಕಷ್ಟಪಡ್ತಾ ಇದ್ದ. ಹೇಗೋ ಹೇಳೋದು?"

ನನಗೆ ಅಳು ಬಂತು. ಅದನ್ನು ಮುಚ್ಚಿಡಲು ಎದ್ದು ನಿಂತು, ಅವಳ ಮುಖದ ಎದುರಿಗೆ ಬಂದು, ಸದ್ದಿಲ್ಲದೆ ನಿಧಾನವಾಗಿ ಕೇಳಿದೆ. ಅಕ್ಕ, ಟೀ ಕುಡೀತೀಯಾ?

"ಬೇಡ" ಎಂದಳು ಅಕ್ಕ. "ನಿನ್ನ ಟೀ ಯಾವತ್ತೂ ಚೆನ್ನಾಗಿರಲ್ಲ."